ಕಣ್ಣು ಬೀಳದ ಚಿತ್ರಗಳು

ನಮ್ಮ ಮನೆಯ ಪಡಸಾಲೆಯ ಗೋಡೆಗೆ ಎಷ್ಟು ಸಲ ಸುಣ್ಣ ಬಳಿಸಿದರೂ ಮೊಳೆ ಹೊಡೆದ ತೂತುಗಳು ಮಾತ್ರ ಮುಚ್ಚುವುದಿಲ್ಲ. ಸುಣ್ಣ ಹಸಿಯಾಗಿರುವಾಗ ಎಲ್ಲ ಸರಿಯಾಯಿತೆಂದು ತೋರುತ್ತದೆ. ಒಣಗಿದ ಮೇಲೆ ಒಂದೊಂದಾಗಿ ಮತ್ತೆ ಇಣುಕಲು ಶುರುಮಾಡುತ್ತವೆ. ಹೆಣ್ಣು ನೋಡಲು ಬಂದ ನೆಂಟರು ಕಾಫಿ ಲೋಟ ಹಿಡಿದುಕೊಂಡು ಹೆಣ್ಣನ್ನು ಬಿಟ್ಟು ಗೋಡೆಯನ್ನೇ ನೋಡಿ, "ಇದೇನಮ್ಮ, ಇಲ್ಲಿ ಯಾರಾದರೂ ಬಂದೂಕು ಹಾರಿಸಿದ್ದರೇ?" ಎಂದು ಕೇಳಿದ್ದುಂಟು. ಇಲ್ಲ, ಇಲ್ಲಿ ಹಿಂದೆ ಕಲೆ ಇತ್ತು ಎಂದು ನಾನು ಹೇಳಿದರೆ, ಅವರು ಕನಿಕರದಿಂದ, ಸೀಗೆಪುಡಿ ಹಾಕಿ ಉಜ್ಜಿಸಬೇಕಿತ್ತು ಎನ್ನುತ್ತಾರೆ. ಕನ್ನಡದಲ್ಲಿ ಕಲೆಗೂ ಕಲೆಗೂ ವ್ಯತ್ಯಾಸವೇ ಇಲ್ಲವಲ್ಲ, ಅವರನ್ನಾದರೂ ಏಕೆ ಬೈಯಬೇಕು.

ಇದು ಮಹಾರಾಜರ ಕಾಲದ ಮಾತು. ತುಮಕೂರಿನಿಂದ ಮಧುಗಿರಿಗೆ ಬರುವ ಬಸ್ಸು ಏರು ಬಂದ ಕಡೆಯಲ್ಲೆಲ್ಲ ನಿಂತು, ಟಿಕೆಟ್ ಕೊಂಡವರೇ ಇಳಿದು ಅದನ್ನು ತಳ್ಳುತ್ತಿದ್ದ ದಿನಗಳು. ನಮ್ಮ ಯಜಮಾನರು ಮಧುಗಿರಿಯಲ್ಲಿ ವಕೀಲರು. ವಕೀಲರು ಎಂದರೆ ಕರಿ ಕೋಟಿತ್ತು, ಬೀರುವಿನ ತುಂಬ ಪುಸ್ತಕವಿತ್ತು, ಕಕ್ಷಿದಾರರು ಮಾತ್ರ ಇರಲಿಲ್ಲ. ಅಪ್ಪಿತಪ್ಪಿ ಬಂದವರಿಗೂ, ಅಣ್ಣತಮ್ಮಂದಿರು ಏಕಪ್ಪಾ ಹೊಡೆದಾಡುತ್ತೀರಿ, ರಾಜಿ ಮಾಡಿಕೊಳ್ಳಿ ಎಂದು ಬುದ್ಧಿ ಹೇಳಿ, ಮಜ್ಜಿಗೆ ಕುಡಿಸಿ ಕಳಿಸುವ ಸ್ವಭಾವ. ಬುದ್ಧಿ ಅವರದು, ಮಜ್ಜಿಗೆ ನನ್ನದು.

ಒಂದು ವರ್ಷ ದಸರಾ ನೋಡಲು ಮೈಸೂರಿಗೆ ಹೋಗಿ ಬಂದರು. ಬಂದು ಊಟಕ್ಕೆ ಕುಳಿತವರು ಅನ್ನ ಕಲಸುವುದನ್ನೇ ಮರೆತರು. ಆನೆ ನೋಡಿದಿರಾ ಎಂದರೆ ಹೂಂ ಎಂದರು, ದೀಪ ನೋಡಿದಿರಾ ಎಂದರೆ ಅದಕ್ಕೂ ಹೂಂ. ಕೊನೆಗೆ ಹೊರಬಿತ್ತು: ಅಲ್ಲಿ ವಸ್ತುಪ್ರದರ್ಶನದ ಹಿಂದಿನ ಕೋಣೆಯೊಂದರಲ್ಲಿ, ಪರೀಕ್ಷೆ ಮಾಡಿದವರು ಬೇಡವೆಂದು ತಳ್ಳಿದ ಚಿತ್ರಗಳನ್ನೆಲ್ಲ ಒಟ್ಟಿದ್ದರಂತೆ. "ಗೋಡೆಗೆ ಮುಖ ಮಾಡಿ ನಿಲ್ಲಿಸಿದ್ದಾರೆ ಕಣೇ, ಪಾಠ ಬರದ ಹುಡುಗರನ್ನ ಮೇಷ್ಟ್ರು ನಿಲ್ಲಿಸಿದ ಹಾಗೆ. ಅವು ಯಾವ ತಪ್ಪು ಮಾಡಿದ್ವು?" ಎಂದು ಕೇಳಿದರು. ಆ ಕೇಳಿದ ರೀತಿಗೆ ನಾನೂ ಪಾಪ ಎಂದುಬಿಟ್ಟೆ. ಎನ್ನಬಾರದಿತ್ತು. ಮರುದಿನವೇ ನನ್ನ ಪಡಸಾಲೆ ಹೋಯಿತು.

ಅದು ಚಿತ್ರಶಾಲೆಯಾಗಬೇಕಂತೆ. ದೊಡ್ಡ ಹೆಸರಿನವರ ಚಿತ್ರ ಬೇಡ. ಅರಮನೆಗಳಿವೆ, ಅವರು ಅಲ್ಲಿರಲಿ. ಇನ್ನೂ ಮೊಳೆಯುತ್ತಿರುವವರು, ಮೊಳೆತರೂ ಯಾರ ಕಣ್ಣಿಗೂ ಬೀಳದೆ ಬಾಡುತ್ತಿರುವವರು, ಅವರಿಗೊಂದು ಜಾಗ. "ಮೊಳೆಯುವವರಿಗೆ ಒಂದು ಮೊಳೆ. ನಾವು ಕೊಡೋದು ಅಷ್ಟೇ" ಎಂದರು. ಮಾತೇನೋ ಚೆನ್ನಾಗಿತ್ತು. ಮೊಳೆ ಹೊಡೆದ ಗೋಡೆ ಯಾರದು ಎಂದು ಕೇಳುವವರಿರಲಿಲ್ಲ.

ಶಾಲೆ ಎಂದ ಮೇಲೆ ಬೋರ್ಡು ಬೇಕು. ಬೋರ್ಡು ಬರೆಯಲು ಶಿರಾದಿಂದ ಖಾಸಿಂ ಸಾಬರು ಬಂದರು. ಆ ಸೀಮೆಯಲ್ಲಿ ಅವರಷ್ಟು ದಪ್ಪ ಅಕ್ಷರ ಬರೆಯುವವರು ಇನ್ನೊಬ್ಬರಿರಲಿಲ್ಲ. ಅವರು ಬರೆದ 'ಅಕ್ಕಿ' ಎಂಬ ಮಾತನ್ನು ಬೆಟ್ಟದ ಮೇಲಿನಿಂದ ಓದಬಹುದೆಂದು ಜನ ಹೇಳುತ್ತಿದ್ದರು. ನಮ್ಮವರು ಚೀಟಿಯಲ್ಲಿ ಬರೆದುಕೊಟ್ಟದ್ದು, 'ಯಾರ ಕಣ್ಣಿಗೂ ಬೀಳದ ಕಲಾವಿದರ ಚಿತ್ರಗಳು' ಎಂದು. ಹಲಗೆಯೋ, ನಮ್ಮ ಹಳೆಯ ದನದ ಕೊಟ್ಟಿಗೆಯ ಬಾಗಿಲಿನ ಒಂದು ತುಂಡು. ಸಂಜೆ ಹೊತ್ತಿಗೆ ಸಾಬರು ಬೋರ್ಡು ತಂದು ಜಗಲಿಯ ಮೇಲೆ ನಿಲ್ಲಿಸಿದರು. ಅದರ ಮೇಲೆ ಇದ್ದದ್ದು: 'ಕಣ್ಣು ಬೀಳದ ಚಿತ್ರಗಳು.'

"ಏನು ಸಾಬರೇ, ಅರ್ಧ ಮಾತು ಎಲ್ಲಿ ಹೋಯ್ತು?" ಎಂದು ಇವರು ಕೇಳಿದರು.

"ವಕೀಲ್ ಸಾಬ್, ಹಲಗೆ ಚಿಕ್ಕದು, ನಿಮ್ಮ ಮಾತು ದೊಡ್ಡದು. ಅಕ್ಷರ ಸಣ್ಣ ಮಾಡಿದ್ರೆ ನನ್ನ ಇಜ್ಜತ್ ಏನಾಗಬೇಕು? ಅದಕ್ಕೇ ಮಾತಿನ ಕೊಬ್ಬು ತೆಗೆದೆ. ಮತಲಬ್ ಎಲ್ಲಾ ಅಲ್ಲೇ ಇದೆ, ನೋಡಿ."

ಮತಲಬ್ ಅಲ್ಲಿರಲಿಲ್ಲ ಎಂಬುದು ನಿಮಗೆ ಈಗಾಗಲೇ ಹೊಳೆದಿರಬೇಕು. ನಮಗೆ ಹೊಳೆಯಲು ಹಲವು ದಿನ ಬೇಕಾಯಿತು. ಕಣ್ಣಿಗೆ ಬೀಳುವುದೇ ಬೇರೆ, ಕಣ್ಣು ಬೀಳುವುದೇ ಬೇರೆ. ಮೊದಲನೆಯದಕ್ಕಾಗಿ ಕಲಾವಿದ ಜನ್ಮವಿಡೀ ಒದ್ದಾಡುತ್ತಾನೆ. ಎರಡನೆಯದಾಗದಿರಲೆಂದು ನಾವು ಕೂಸಿನ ಕೆನ್ನೆಗೆ ಕಪ್ಪಿಟ್ಟು, ಉಪ್ಪು ಮೆಣಸಿನಕಾಯಿ ನಿವಾಳಿಸಿ, ಹೊಸ ಮನೆಯ ಮುಂದೆ ದೃಷ್ಟಿಬೊಂಬೆ ತೂಗುಹಾಕುತ್ತೇವೆ. ಇವೆರಡರ ನಡುವೆ ಇರುವುದು ಒಂದು ಸಣ್ಣ ವಿಭಕ್ತಿ ಪ್ರತ್ಯಯ. ಸಾಬರು ಅದನ್ನು ಕೊಬ್ಬೆಂದು ತಿಳಿದು ತೆಗೆದುಬಿಟ್ಟಿದ್ದರು.

ಮೊದಮೊದಲು ಬಂದವರು ಚಿತ್ರ ಕೊಡುವವರೇ. ಕೊರಟಗೆರೆಯ ಡ್ರಾಯಿಂಗ್ ಮೇಷ್ಟರು ಮಧುಗಿರಿಯ ಬೆಟ್ಟವನ್ನು ಬರೆದು ತಂದರು. ನಮ್ಮ ಬೆಟ್ಟ ಒಂದೇ ಬಂಡೆ, ಅದರಲ್ಲಿ ಬರೆಯಲು ಬೆನ್ನಲ್ಲದೆ ಬೇರೇನೂ ಇಲ್ಲ; ನೋಡಿದವರೆಲ್ಲ ಅದನ್ನು ಹಿಂದಿನಿಂದ ಕಂಡ ಆನೆಯೆಂದೇ ತಿಳಿದು, ಬಾಲ ಮರೆತಿದ್ದಾರೆ ಎಂದು ಮೇಷ್ಟರಿಗೆ ತಿಳಿಸಿ ಹೋದರು. ಆಮೇಲೆ, ಹೆಗಲ ಮೇಲೆ ಒಂದು ಸುರುಳಿ ಬಟ್ಟೆ ಹೊತ್ತುಕೊಂಡು ಬಂದವನು ತಿಮ್ಮಯ್ಯ.

ತಿಮ್ಮಯ್ಯ ನಾಟಕದ ಪರದೆ ಬರೆಯುವವನು. ಅವನ ಕಂಪನಿ ತೋವಿನಕೆರೆಯಲ್ಲಿ ಮುರಿದು ಬಿದ್ದು, ರಾಜನ ಪಾರ್ಟಿನವನು ಕಿರೀಟ ತೆಗೆದುಕೊಂಡು, ಹಾರ್ಮೋನಿಯಂನವನು ಹಾರ್ಮೋನಿಯಂ ತೆಗೆದುಕೊಂಡು ಓಡಿಹೋದ ಮೇಲೆ ಇವನ ಪಾಲಿಗೆ ಉಳಿದದ್ದು ಅರಮನೆಯ ಪರದೆಯ ಹಿಂಬದಿಯ ಖಾಲಿ ಬಟ್ಟೆ. ಅದನ್ನು ತುಂಡು ಮಾಡಿ ಚೌಕಟ್ಟಿಗೆ ಬಿಗಿದು ಅವನು ಒಂದೇ ಮುಖವನ್ನು ಮತ್ತೆ ಮತ್ತೆ ಬರೆಯುತ್ತಿದ್ದ. ಹೆಂಗಸಿನ ಮುಖ. ಆ ಕಣ್ಣುಗಳನ್ನು ಏನೆಂದು ಹೇಳಲಿ, ಒಂದೊಂದೂ ನಮ್ಮ ಮನೆಯ ಸಾರಿನ ಬಟ್ಟಲಿನಷ್ಟು. ಗ್ಯಾಸ್‌ಲೈಟಿನಲ್ಲಿ ಕಟ್ಟಕಡೆಗೆ ಕೂತವನಿಗೂ ಮುಖ ಕಾಣಬೇಕೆಂದರೆ ಕಣ್ಣು ಹಾಗೆಯೇ ಬರೆಯಬೇಕಂತೆ. ಅವನ ಕೈ ಬೇರೆ ಅಳತೆಯನ್ನು ಕಲಿತೇ ಇರಲಿಲ್ಲ. ನಾನು ನೀರಿನ ಕೊಡ ಹೊತ್ತು ಪಡಸಾಲೆ ದಾಟಿದರೆ ಆ ಕಣ್ಣು ನನ್ನ ಜೊತೆಗೇ ಅಡಿಗೆಮನೆಯವರೆಗೆ ಬರುತ್ತಿತ್ತು. ಊಟದ ಹೊತ್ತಿನಲ್ಲಿ ಅದಕ್ಕೊಂದು ಟವೆಲ್ಲು ಹಾಕಿಬಿಡುತ್ತಿದ್ದೆ.

"ಯಾರಪ್ಪಾ ಇದು?" ಎಂದು ಒಂದು ದಿನ ಕೇಳಿದೆ.

"ನಮ್ಮವ್ವ ಅಮ್ಮಾವ್ರೆ. ಅಂತ ನಾನು ಅಂದ್ಕಂಡಿವ್ನಿ. ಹೌದೋ ಅಲ್ಲವೋ ಹೇಳೋರು ಯಾರಾದ್ರೂ ಸಿಗಬೇಕು."

ಅವನು ಮಗುವಾಗಿದ್ದಾಗ ಪ್ಲೇಗು ಬಂದು ಊರಿಗೆ ಊರೇ ಮನೆ ಬಿಟ್ಟು ಹೊಲದಲ್ಲಿ ಗುಡಿಸಲು ಹಾಕಿಕೊಂಡಿತ್ತು. ತಾಯಿ ಮಲಗಿದಳು, ಏಳಲಿಲ್ಲ. ದಾರಿಯಲ್ಲಿ ಹೋಗುತ್ತಿದ್ದ ನಾಟಕದ ಗಾಡಿಯವರು ಅಳುತ್ತಿದ್ದ ಕೂಸನ್ನು ಎತ್ತಿ ಹಾಕಿಕೊಂಡರು. ಆ ಊರು ಯಾವುದೆಂದು ಅವರಿಗೆ ನೆನಪುಳಿಯಲಿಲ್ಲ, ಇವನಿಗೆ ಗೊತ್ತಿರಲಿಲ್ಲ. ತಾಯಿ "ರಾ ನಾಯನಾ", ಬಾರೋ ಕಂದ, ಎಂದು ಕರೆಯುತ್ತಿದ್ದಳೆಂಬ ಒಂದು ಮಾತು ಮಾತ್ರ ಕಿವಿಯಲ್ಲಿ ಉಳಿದಿತ್ತು. ಹಾಗಾಗಿ ತೆಲುಗು ಬೆರೆತ ಸೀಮೆ, ಪಾವಗಡದ ಕಡೆ ಇರಬಹುದೆಂದು ಅವನ ಎಣಿಕೆ. ಅವಳ ಹೆಸರೂ ಅವನಿಗೆ ತಿಳಿಯದು. ಮಕ್ಕಳು ತಾಯಿಯನ್ನು ಹೆಸರು ಹಿಡಿದು ಕರೆಯುವುದಿಲ್ಲವಲ್ಲ. ಅವಳನ್ನು ಕಂಡಿದ್ದ ಯಾರಾದರೂ ಒಬ್ಬರು ಈ ಮುಖವನ್ನು ನೋಡಿ, ಇದು ಇಂಥವಳು ಎಂದು ಹೇಳಬೇಕು. ಹೇಳಬಲ್ಲವರು ಮುದುಕರಾಗಿ ಒಬ್ಬೊಬ್ಬರಾಗಿ ಹೋಗುತ್ತಿರುವರಲ್ಲ ಎಂಬುದೇ ಅವನ ಹೆದರಿಕೆ. ಹತ್ತೂರ ಜನ ಬಂದು ನೋಡುವ ಜಾಗವೊಂದು ಮಧುಗಿರಿಯಲ್ಲಿ ಆಗಿದೆಯೆಂದು ಯಾರೋ ಹೇಳಿದ್ದಕ್ಕೆ ನಡೆದು ಬಂದಿದ್ದ. ಅಂದಿನಿಂದ ಅವನು ನಮ್ಮ ಹಿತ್ತಲ ಕೊಟ್ಟಿಗೆಯಲ್ಲಿ ಉಳಿದ. ಚಿತ್ರದ ಮೇಲೆ ಟವೆಲ್ಲು ಹಾಕುವುದನ್ನು ನಾನು ಬಿಟ್ಟೆ.

ಜನ ಬರಲು ಶುರುಮಾಡಿದರು. ಮೊದಲು ಬಂದವನು ಮಿಡಿಗೇಶಿ ಕಡೆಯ ಒಬ್ಬ ರೈತ. ಹೆಗಲ ಮೇಲಿನ ವಸ್ತ್ರವನ್ನು ಕಣ್ಣಿಗೆ ಅಡ್ಡ ಹಿಡಿದುಕೊಂಡು, ಗೋಡೆ ತಡವುತ್ತಾ ಒಳಗೆ ಬಂದು, "ಸ್ವಾಮಿ, ಇದ್ರಾಗೆ ಭಾರಿ ಕೆಟ್ಟದ್ದು ಯಾವ್ದು?" ಎಂದು ಕೇಳಿದ. ನಮ್ಮವರಿಗೆ ಹಿಗ್ಗೋ ಹಿಗ್ಗು. ಹಳ್ಳಿಯ ರೈತನಿಗೂ ವಿಮರ್ಶೆಯ ದೃಷ್ಟಿ ಬಂದಿತಲ್ಲ ಎಂದು ಕುರ್ಚಿ ಎಳೆದು ಕೂರಿಸಿ, ಕಲೆಯಲ್ಲಿ ಸುಂದರ ಕುರೂಪಗಳೆಂಬ ಭೇದ ಹೇಗೆ ಅಳಿಯುತ್ತದೆಂಬುದನ್ನು ಬಹಳ ಹೊತ್ತು ವಿವರಿಸಿದರು. ಅವನು ಕಣ್ಣು ಮುಚ್ಚಿಕೊಂಡೇ ಭಕ್ತಿಯಿಂದ ಕೇಳಿದ. ಕೊನೆಗೆ, "ಅದೆಲ್ಲಾ ಆಗ್ಲಿ ಬುದ್ಧಿ. ಮನೆ ಕಟ್ತಾ ಇವ್ನಿ. ಬಾಗ್ಲು ಇಟ್ಟಿದ್ದೇ ತಡ, ಊರೋರ ಕಣ್ಣೆಲ್ಲಾ ಅದ್ರ ಮ್ಯಾಲೇ. ಕಣ್ಣು ಬೀಳದ ಪಟ ಇಲ್ಲಿ ಕೊಡ್ತಾರೆ ಅಂತ ಬೋರ್ಡ್ ಐತಲ್ಲ, ಅದನ್ನ ಓದಿಸ್ಕಂಡು ಬಂದೆ. ಬಲವಾಗಿರೋದು ಒಂದು ಕೊಡಿ" ಎಂದ.

ಅಷ್ಟರಲ್ಲಿ ತಿಮ್ಮಯ್ಯ ತನ್ನ ತಾಯಿಯ ಪಟವೊಂದನ್ನು ಮೊಳೆಯಿಂದ ಇಳಿಸಿ ಅವನ ಕೈಗೆ ಕೊಟ್ಟಿದ್ದ. ರೈತ ಅದನ್ನು ನೋಡದೆಯೇ ತಿರುಗಿಸಿ ಹಿಡಿದು, ಜಗಲಿಯ ಮೇಲೆ ಒಂದು ಚೀಲ ಹುಣಿಸೆಹಣ್ಣು ಇಟ್ಟು, ಹೊರಟುಹೋದ. ಅದರ ಹಿಂದೆಯೇ ಬಂತು ನೋಡಿ ಜನ. ಕಡಲೆಕಾಯಿ ಹೊಲ ಚೆನ್ನಾಗಿ ಬಂದವರು, ಎಮ್ಮೆ ಕರು ಹಾಕಿದವರು, ಮದುವೆ ಗೊತ್ತಾದವರು, ಹುರುಳಿಯನ್ನೋ ಬೆಲ್ಲವನ್ನೋ ಸೆರಗಿನಲ್ಲಿ ಕಟ್ಟಿಕೊಂಡು ಬಂದು, ಮುಖ ಅತ್ತ ತಿರುಗಿಸಿ ಇತ್ತ ಕೈ ಚಾಚುತ್ತಿದ್ದರು. ಈ ಪಟವನ್ನು ಮನೆಯವರು ನೋಡಬಾರದೆಂಬ ನಿಯಮವನ್ನು ಯಾರು ಮಾಡಿದರೋ ಗೊತ್ತಿಲ್ಲ, ಬಲ ಇಳಿದುಹೋಗುತ್ತದಂತೆ. ನನ್ನ ಪಡಸಾಲೆಯಲ್ಲಿ ಗುಂಪು ಗುಂಪಾಗಿ ಜನ ಗೋಡೆಯ ಚಿತ್ರಗಳಿಗೆ ಬೆನ್ನು ಮಾಡಿ ನಿಂತಿರುತ್ತಿದ್ದರು. ಮೈಸೂರಿನಲ್ಲಿ ಚಿತ್ರಗಳು ಗೋಡೆಗೆ ಮುಖ ಮಾಡಿದ್ದವು. ಇಲ್ಲಿ ಚಿತ್ರಗಳು ಸರಿಯಾಗಿದ್ದವು, ಪ್ರೇಕ್ಷಕರೇ ತಿರುಗಿ ನಿಂತಿದ್ದರು. ಡ್ರಾಯಿಂಗ್ ಮೇಷ್ಟರ ಬೆಟ್ಟವನ್ನು ಮಾತ್ರ ಯಾರೂ ಒಯ್ಯಲಿಲ್ಲ, ಅದು ಸಾಕಷ್ಟು ಕೆಟ್ಟದಾಗಿಲ್ಲ ಎಂದರು. ಮೇಷ್ಟರು ಇದನ್ನು ಹೊಗಳಿಕೆಯೆಂದು ತಿಳಿಯಬೇಕೋ ಬೇಡವೋ ಎಂದು ಯೋಚಿಸುತ್ತಾ ಕೊರಟಗೆರೆಗೆ ಹೋದರು.

ತಪ್ಪು ಎಲ್ಲಿದೆಯೆಂದು ತಿಳಿದ ಮೇಲೆ ಇವರು ಸ್ಟೂಲು ಹತ್ತಿ, ಬೋರ್ಡನ್ನು ಸ್ವಂತ ಕೈಯಿಂದ ತಿದ್ದಿ 'ಕಣ್ಣಿಗೆ ಬೀಳದ ಚಿತ್ರಗಳು' ಎಂದು ಮಾಡಿದರು. ಅದರ ಮಾರನೆಯ ವಾರ ಸಂತೆಯ ದಿನ ಹೊಸದೊಂದು ಗುಂಪು ಬಂತು. ಕಣ್ಣಿಗೇ ಕಾಣದ ಪಟಗಳಿವೆಯಂತೆ, ತೋರಿಸಿ ಎಂದು ಕೂತಿತು. ಇವರು ಗೋಡೆ ತೋರಿಸಿದರೆ, "ಇವು ಕಾಣ್ತಾವಲ್ಲ ಸ್ವಾಮಿ, ಕಾಣದಿದ್ದದ್ದು ತೋರ್ಸಿ" ಎಂದಿತು. ಖಾಲಿ ಮೊಳೆಯೊಂದರ ಮುಂದೆ ಒಬ್ಬಾಕೆ ನಿಂತು ಕೈಮುಗಿದಳು. ಅವಳೊಬ್ಬಳೇ ನಮ್ಮ ಚಿತ್ರಶಾಲೆಯಿಂದ ಪೂರ್ಣ ತೃಪ್ತಿಯಿಂದ ಹೋದವಳು ಎಂದು ಕಾಣುತ್ತದೆ. ಇವರು ಮತ್ತೆ ಸ್ಟೂಲು ಹತ್ತಿ ಮೊದಲಿದ್ದಂತೆಯೇ ಮಾಡಿದರು.

"ಇನ್ನು ಮೇಲೆ ಯಾರಿಗೂ ಪಟ ಕೊಡಬೇಡ ತಿಮ್ಮಯ್ಯ. ಇದು ಕಲೆಗೆ ಅವಮಾನ" ಎಂದು ಇವರು ಕಡೆಗೆ ಕಟ್ಟುನಿಟ್ಟಾಗಿ ಹೇಳಿದರು. "ನಿಮ್ಮ ತಾಯಿ ಮುಖವನ್ನ ಬೂದುಗುಂಬಳಕಾಯಿ ಪಕ್ಕ ಕಟ್ತಾರಲ್ಲೋ."

"ಕಟ್ಲಿ ಸ್ವಾಮಿ" ಎಂದ ತಿಮ್ಮಯ್ಯ. "ಇಲ್ಲಿ ಬಂದೋರು ನೋಡಾಕಿಲ್ಲ. ಮನೆಯೋರೂ ನೋಡಾಕಿಲ್ಲ. ಆದ್ರೆ ದಾರಿಹೋಕ್ರು ನೋಡ್ಲಿ ಅಂತಲೇ ಅಲ್ವಾ ಅದನ್ನ ಕಟ್ಟೋದು? ನಮ್ಮವ್ವನ್ನ ಕಂಡಿದ್ದೋರು ಒಬ್ರು ಆ ದಾರೀಲಿ ಹಾದು ಹೋದ್ರೆ ನಂಗೆ ಸಾಕು."

ಇವರೇ ಮುಂದಿನ ಪಟವನ್ನು ಮೊಳೆಯಿಂದ ಇಳಿಸಿ ಅವನ ಕೈಗೆ ಕೊಟ್ಟರು. ನನಗೂ ಆ ಮಾತು ಬಹಳ ದಿನ ಮನಸ್ಸಿನಲ್ಲಿ ನಿಂತಿತು. ನೀವೇ ಯೋಚಿಸಿ ನೋಡಿ. ಲೋಕದಲ್ಲಿ ಎಷ್ಟು ಚಿತ್ರಗಳಿದ್ದಾವೋ, ಅವೆಲ್ಲ ಒಳಗೆ ಕೂತಿರುತ್ತವೆ, ಒಡೆಯನ ಸೊತ್ತಾಗಿ, ಅವನು ಕರೆದವರಿಗೆ ಮಾತ್ರ ಮುಖ ತೋರಿಸುತ್ತಾ. ದೃಷ್ಟಿಬೊಂಬೆಯೊಂದೇ ಗುರುತಿಲ್ಲದವನಿಗಾಗಿ, ದಾರಿಯಲ್ಲಿ ಹೋಗುವವನಿಗಾಗಿ, ಬಿಸಿಲಿನಲ್ಲಿ ತೂಗುತ್ತಾ ಕಾಯುವುದು. ನೋಡು, ನಿನ್ನ ಮೊದಲ ನೋಟ ನನ್ನ ಮೇಲೆ ಬೀಳಲಿ ಎಂದು ಅದು ಬೇಡುತ್ತದೆ. ಹೊಟ್ಟೆಕಿಚ್ಚಿನ ಕಣ್ಣಾದರೂ ಅದಕ್ಕೆ ಆದೀತು. ಕಣ್ಣಾರೆ ನೋಡಿ, ಕಣ್ತುಂಬ ನೋಡಿ ಎಂದು ನಾವು ನೆಂಟರಿಗೆಲ್ಲ ಹೇಳುತ್ತೇವೆ. ನಮ್ಮಲ್ಲಿ ಯಾರನ್ನಾದರೂ ಯಾರಾದರೂ ಹಾಗೆ ನೋಡುವುದುಂಟೆ ಎಂದು ನನಗೆ ಅನುಮಾನ. ಮದುವೆಯಾಗಿ ಎಷ್ಟೋ ವರ್ಷವಾದ ಮೇಲೆ ಒಮ್ಮೆ ನಮ್ಮ ಯಜಮಾನರು ಸಾರು ಬಡಿಸುವಾಗ ನನ್ನನ್ನೇ ದಿಟ್ಟಿಸಿ, "ನಿನ್ನ ಹಣೆ ಮೇಲೆ ಮಚ್ಚೆ ಇದೆಯಲ್ಲೇ, ಯಾವಾಗ ಬಂತು?" ಎಂದಿದ್ದರು. ಹುಟ್ಟಿದಾಗ ಬಂತು ಎಂದೆ.

ಪಟಗಳು ಹರಡಿದವು. ಶಿರಾದಲ್ಲಿ, ಐ.ಡಿ.ಹಳ್ಳಿಯಲ್ಲಿ, ಚನ್ನರಾಯನದುರ್ಗದ ಕೋಟೆಯ ಕೆಳಗಿನ ಮನೆಗಳಲ್ಲಿ, ಪಾವಗಡದಾಚೆಯ ಹೊಲಗಳಲ್ಲಿ, ಸುಣ್ಣದ ಬೊಟ್ಟು ಇಡಿಸಿಕೊಂಡು, ಕೊರಳಿಗೆ ನಿಂಬೆಹಣ್ಣು ಕಟ್ಟಿಸಿಕೊಂಡು ತಿಮ್ಮಯ್ಯನ ತಾಯಿ ದಾರಿ ನೋಡುತ್ತಾ ನಿಂತಳು. ಗುರುತು ಹಿಡಿದವರೂ ಬರಲು ಶುರುಮಾಡಿದರು. ಅದು ಇನ್ನೊಂದು ಫಜೀತಿ. ಬಂದವರೆಲ್ಲ ಸೊಸೆಯರು. ಪ್ರತಿಯೊಬ್ಬಳೂ, ಇದು ನಮ್ಮತ್ತೆಯೇ, ಸಂಶಯವಿಲ್ಲ, ನಾನು ತುಪ್ಪದ ಗಡಿಗೆ ಮುಟ್ಟಿದರೆ ಹೀಗೆಯೇ ನೋಡುತ್ತಿದ್ದರು ಎಂದು ಪ್ರಮಾಣ ಮಾಡುವಳು. ತಿಮ್ಮಯ್ಯ ಪ್ರತಿಯೊಬ್ಬಳನ್ನೂ ಜಗಲಿಯ ಮೇಲೆ ಕೂರಿಸಿ, "ನಿಮ್ಮತ್ತೆ ತೆಲುಗು ಮಾತಾಡ್ತಿದ್ರಾ ತಾಯಿ?" ಎಂದು ವಿನಯದಿಂದ ಕೇಳುವನು. "ಇಲ್ಲಪ್ಪ, ಬೈಯೋದೆಲ್ಲಾ ಕನ್ನಡದಾಗೇ" ಎಂದು ಅವಳು ಹೇಳುವಳು. ಅವಳು ಎದ್ದು ಹೋದ ಮೇಲೆ ಅವನು ಕುಂಚ ತೊಳೆಯುತ್ತಾ ಕೂರುವನು. ಅವನು ಪ್ರತಿ ಸಲವೂ ನಂಬಿ ಕೇಳುತ್ತಿದ್ದುದನ್ನು ಬಾಗಿಲ ಸಂದಿಯಿಂದ ನೋಡಿ ನನಗೆ ಸಂಕಟವಾಗುತ್ತಿತ್ತು. ನಗುವುದು ಬಿಟ್ಟುಹೋಗಿತ್ತು.

ಪರದೆಯ ಬಟ್ಟೆ ಮುಗಿಯುತ್ತಾ ಬಂದಿತ್ತು. ಬೇರೆ ಬಟ್ಟೆ ಕೊಡುತ್ತೇನೆಂದರೆ ಬೇಡವೆಂದ. "ಇಷ್ಟು ಕಡೆ ತೂಗುಹಾಕಿದ್ರೂ ಯಾರೂ ಹೇಳ್ಲಿಲ್ಲ ಅಂದ್ರೆ, ನಾನು ಬರ್ದಿರೋ ಮಖಾನೇ ಸುಳ್ಳು ಅಮ್ಮಾವ್ರೆ. ನಂಗೆ ನೆಪ್ಪಿಲ್ಲ, ನೆಪ್ಪೈತೆ ಅಂತ ಬರ್ಕಂಡು ಕೂತಿದ್ದೆ ಅಷ್ಟೇ" ಎಂದ. ಶಿರಾದ ಕಡೆ ಟೆಂಟ್ ಸಿನಿಮಾ ಬಂದಿತ್ತು, ಅಲ್ಲಿ ಬೋರ್ಡು ಬರೆಯುವ ಕೆಲಸವಿದೆಯೆಂದು ಖಾಸಿಂ ಸಾಬರು ಹೇಳಿದ್ದರು. ಹೊರಡುವುದೆಂದು ನಿಶ್ಚಯವಾಯಿತು.

ಆಗ ಬಂದಳು ಒಬ್ಬ ಮುದುಕಿ, ಬೆಳಗಿನ ಪಾವಗಡದ ಬಸ್ಸಿನಲ್ಲಿ, ಕೈಯಲ್ಲಿ ಗೋಣಿಚೀಲ. ನೇರ ಪಡಸಾಲೆಗೇ ಬಂದು, "ವಕೀಲ್ರ ಮನೆ ಇದೇನಾ?" ಎಂದಳು. ಇದೇ ಎಂದರು ಇವರು.

"ಈ ಪಟ ನಮ್ಗೆ ಬ್ಯಾಡ, ಮಡಿಕ್ಕಳಿ. ಕೊಟ್ಟಿಗೆಗೆ ಕಟ್ದಾಗ್ನಿಂದ ಎಮ್ಮೆ ಹಾಲು ಬುಡ್ತಾ ಇಲ್ಲ. ದಿಷ್ಟಿ ತೆಗೆಯೋ ಪಟಾನೇ ದಿಷ್ಟಿ ಹಾಕಿದ್ರೆ ಹೆಂಗಪ್ಪಾ?"

ಚಿತ್ರವನ್ನು ಹಿಂದಕ್ಕೆ ತಂದವಳು ಇವಳೇ ಮೊದಲು. ಇವರಿಗೆ ಅದರಲ್ಲೂ ಒಂದು ಸಂತೋಷ. "ನೋಡಮ್ಮ, ಚಿತ್ರ ಇರೋದು ನೋಡೋದಕ್ಕೆ, ಹಾಲು ಕರೆಯೋದಕ್ಕಲ್ಲ" ಎಂದರು.

"ಏನ್ ನೋಡೋದು? ಮನೆಯೋರು ನೋಡಬಾರ್ದು ಅಂತ ನನ್ನ ಸೊಸೆ ಮಖದ ಮ್ಯಾಲೆ ಸೆರಗು ಹಾಕ್ಕಂಡು ಹೋಗಿ ಹಾಲು ಕರೀತಾಳೆ. ಎಮ್ಮೆ ಅವ್ಳನ್ನ ನೋಡೇ ಬೆದರ್ತೈತೋ ಏನೋ."

ಗಂಟು ಕಟ್ಟುತ್ತಿದ್ದ ತಿಮ್ಮಯ್ಯ ಹಿತ್ತಲಿನಿಂದ ಎದ್ದು ಬಂದ. ಎಲ್ಲರನ್ನೂ ಕೇಳಿದಂತೆ ಅವಳನ್ನೂ ಕೇಳಿದ, ಆದರೆ ದನಿಯಲ್ಲಿ ಆಸೆ ಇರಲಿಲ್ಲ. "ಅಜ್ಜಿ, ಎಂಗೂ ವಾಪಸ್ ತಂದ್ರಿ. ಇನ್ನು ನೋಡಿದ್ರೆ ದೋಷ ಇಲ್ಲ. ಒಂದ್ ಕಿತ ನೋಡ್ಬುಡಿ. ಈ ಮಖ ಎಲ್ಲಾದ್ರೂ ಕಂಡಿದ್ದೀರಾ?"

ಮುದುಕಿ ಗೋಣಿಯಿಂದ ಪಟ ತೆಗೆದಳು. ತಿಂಗಳುಗಟ್ಟಲೆ ತನ್ನ ಕೊಟ್ಟಿಗೆಯ ಮುಂದೆಯೇ ತೂಗಿದ್ದನ್ನು ಅವಳು ನೋಡುತ್ತಿದ್ದುದು ಅದೇ ಮೊದಲು. ದೂರ ಹಿಡಿದು ನೋಡಿದಳು, ಹತ್ತಿರ ಹಿಡಿದು ನೋಡಿದಳು. "ಲೇದು ನಾಯನಾ. ಇಂಥ ಮಖ ನಾನು ಕಂಡಿಲ್ಲ. ಮನುಷ್ಯರಿಗೆ ಇಂಥ ಕಣ್ಣು ಇರ್ತಾವಾ?"

ಅವನು ತಲೆಯಾಡಿಸಿ ಪಟಕ್ಕೆ ಕೈ ಚಾಚಿದ. ಅವಳು ಬಿಡಲಿಲ್ಲ. ಬಟ್ಟೆಯ ಮೇಲೆ ಅವಳ ಬೆರಳು ಒಂದು ಕಡೆ ನಿಂತಿತ್ತು.

"ಈ ಕಿವಿ ಯಾಕಪ್ಪಾ ಇಂಗೆ ಬರ್ದಿದ್ದೀಯ?"

ನಾವೂ ಬಗ್ಗಿ ನೋಡಿದೆವು. ಎಡಗಿವಿಯ ಹಾಲೆ ಸೀಳಿ ಎರಡಾಗಿತ್ತು. ಗೋಡೆಯ ಮೇಲೆ ಉಳಿದಿದ್ದ ಪಟಗಳನ್ನು ನೋಡಿದೆ, ಎಲ್ಲದರಲ್ಲೂ ಹಾಗೆಯೇ. ಇಷ್ಟು ದಿನ ಆ ಕಣ್ಣುಗಳಿಗೆ ಹೆದರಿಯೋ ನಕ್ಕೋ ಕಳೆದಿದ್ದೆವೇ ಹೊರತು, ಆ ಮುಖಕ್ಕೆ ಕಿವಿಯೂ ಇದೆಯೆಂದು ನಮ್ಮಲ್ಲಿ ಒಬ್ಬರೂ ಕಂಡಿರಲಿಲ್ಲ.

"ಅಂಗೇ ಇತ್ತು" ಎಂದ ತಿಮ್ಮಯ್ಯ. "ಕಿವಿ ಒಂದು ನಂಗೆ ಚೆನ್ನಾಗಿ ನೆಪ್ಪೈತೆ."

"ಕಣ್ಣು ಅವ್ಳದಲ್ಲ. ಮೂಗು ಅಲ್ಲ, ಬಾಯಿ ಅಲ್ವೇ ಅಲ್ಲ. ಕಿವಿ ಮಾತ್ರ ನಮ್ಮ ನರಸಕ್ಕಂದು" ಎಂದಳು ಮುದುಕಿ. ಹೇಳುತ್ತಾ ಹೇಳುತ್ತಾ ಅವಳ ದನಿ ಸಣ್ಣದಾಯಿತು. "ನನ್ನ ಓರಗಿತ್ತಿ. ಪ್ಲೇಗ್‌ನಾಗೆ ಊರು ಬುಟ್ಟು ಗುಡ್ಲಾಗಿದ್ವಿ, ಅಲ್ಲೇ ಹೋದ್ಲು. ಕೂಸನ್ನ ಯಾರೋ ಗಾಡಿನೋರು ಎತ್ಕಂಡು ಹೋದ್ರು ಅಂದ್ರು. ಹುಡುಕಾಕೆ ಯಾರಿದ್ರು, ಎಲ್ಲಾ ಮಲಗಿದ್ದೋರೇ. ಅದೂ ಹೋಯ್ತು ಅಂದ್ಕಂಡ್ವಿ."

ಆಮೇಲೆ ಅವಳು ಪಟವನ್ನು ಬಿಟ್ಟು ತಿಮ್ಮಯ್ಯನನ್ನು ನೋಡಿದಳು. ಹತ್ತಿರ ಹೋಗಿ ಗದ್ದ ಹಿಡಿದು ಬೆಳಕಿಗೆ ತಿರುಗಿಸಿದಳು. "ಮಖ ಇಲ್ಲೈತಲ್ಲಪ್ಪಾ" ಎಂದಳು. "ಇದನ್ನ ಬರೀದೆ ಬ್ಯಾರೆ ಏನೇನೋ ಬರ್ದಿದ್ದೀಯಲ್ಲ."

ಸೊಂಟದ ಮೇಲೆ ಕೂತ ಕೂಸಿಗೆ ತಾಯಿಯ ಮುಖ ಎಲ್ಲಿ ಕಾಣುತ್ತದೆ ಹೇಳಿ. ಅವಳು ಮುಂದೆ ನೋಡುತ್ತಾ ನಡೆಯುತ್ತಾಳೆ. ಅದರ ಕಣ್ಣಿನ ಮುಂದೆ ಇರುವುದು ಕಿವಿಯೊಂದೇ. ಉಳಿದದ್ದನ್ನೆಲ್ಲ ತಿಮ್ಮಯ್ಯ ಪರದೆಯ ರಾಣಿಯರಿಂದ ಸಾಲ ತಂದಿದ್ದ. ನನ್ನ ಮೂರು ಮಕ್ಕಳನ್ನು ನಾನೂ ಎಡಸೊಂಟದ ಮೇಲೆಯೇ ಹೊತ್ತು ತಿರುಗಿದವಳು, ಇದನ್ನು ನಾನೇ ಅವನಿಗೆ ಹೇಳಬಹುದಿತ್ತು, ನನಗೆ ತೋಚಿರಲಿಲ್ಲ. ನಮ್ಮ ಯಜಮಾನರು ಕನ್ನಡಕ ತೆಗೆದು ಕೋಟಿನ ತುದಿಯಿಂದ ಒರೆಸುತ್ತಾ ನಿಂತಿದ್ದರು.

ತಿಮ್ಮಯ್ಯ "ನರಸಕ್ಕ" ಎಂದು ಒಂದು ಸಲ ಅಂದುಕೊಂಡ. ಆಮೇಲೆ, "ಆ ಕಿವಿ ಹುಟ್ತಾಲೇ ಅಂಗಿತ್ತಾ?" ಎಂದು ಕೇಳಿದ.

"ಹುಟ್ತಾಲಾ? ನೀನೇ ಓಲೆ ಹಿಡ್ಕಂಡು ಎಳ್ದು ಹರ್ದಿದ್ದು ಕಣಪ್ಪಾ. ಮೈಯೆಲ್ಲಾ ರಕ್ತ. ನಾನು ನಿಂಗೆ ಎರಡು ಬಿಗಿಯಾಕೆ ಬಂದ್ರೆ ನಿಮ್ಮವ್ವ ಅಡ್ಡ ತಿರುಕ್ಕಂಡ್ಲು. 'ನನ್ನ ಕಿವಿ, ನನ್ನ ಮಗ, ನಿಂಗೇನಕ್ಕಾ' ಅಂದ್ಲು."

ಅವನು ಅಲ್ಲಿಯೇ ನೆಲದ ಮೇಲೆ ಕೂತುಬಿಟ್ಟ. ದೊಡ್ಡ ಗಂಡಸು, ಮೊಣಕಾಲಿಗೆ ತಲೆಯಿಟ್ಟು ಅತ್ತ. ಮುದುಕಿ ಅವನ ತಲೆಯ ಮೇಲೆ ಕೈಯಿಟ್ಟುಕೊಂಡು, ನನ್ನ ಕಡೆ ತಿರುಗಿ ಕುಡಿಯಲು ಏನಾದರೂ ಕೊಡುವಂತೆ ಸನ್ನೆ ಮಾಡಿದಳು. ನಾನು ಮಜ್ಜಿಗೆ ತಂದೆ. ಇಬ್ಬರೂ ಕುಡಿದರು.

"ಏಳು, ಬಸ್ಸು ಹೊಂಟೋಗ್ತೈತೆ" ಎಂದಳು ಮುದುಕಿ.

ತಿಮ್ಮಯ್ಯ ಕಣ್ಣೊರೆಸಿಕೊಂಡು ಎದ್ದು, ಗಂಟನ್ನು ಹೆಗಲಿಗೇರಿಸಿದ. ಕಂಪನಿಯಲ್ಲಿ ಬೆಳೆದವನಿಗೆ ಗಾಡಿ ಹತ್ತುವ ಮೊದಲು ಕೇಳಿ ಅಭ್ಯಾಸವಾಗಿದ್ದ ಒಂದು ಪ್ರಶ್ನೆಯಿತ್ತು, ಅದು ತಾನಾಗಿಯೇ ಬಾಯಿಗೆ ಬಂತು.

"ಯಾವೂರಿಗೆ?"

"ನಿಮ್ಮೂರಿಗೆ ನಾಯನಾ" ಎಂದಳು ಅವಳು.